ಇದ್ದಾನೆ, ಇದ್ದಾರೆ, ಇದೆ, ಇಲ್ಲ

ಪ್ರಶ್ನೆ: ನಾವು ದಾವಣಗೆರೆಯವರು. ಮನೆದೇವರು ಮೈಲಾರಲಿಂಗ. ಎಪ್ಪತ್ತೆಂಟು ವರ್ಷದ ನಮ್ಮ ಅತ್ತೆ ಪೂಜೆ ಮುಗಿಯದೆ ಕಾಫಿ ಕುಡಿಯುವುದಿಲ್ಲ. ಎಂಜಿನಿಯರ್ ಆಗಿರುವ ಯಜಮಾನರು ‘ಯಾವುದೋ ಒಂದು ಶಕ್ತಿ ಇದೆ’ ಎನ್ನುತ್ತಾರೆ, ಶನಿವಾರ ಮಾತ್ರ ಆಂಜನೇಯನ ಗುಡಿಗೆ ಹೋಗಿಬರುತ್ತಾರೆ. ಪಿಯುಸಿ ಓದುತ್ತಿರುವ ಮಗ ಈ ಸಲ ‘ದೇವರು ಇಲ್ಲ, ಮೈಲಾರಕ್ಕೆ ನಾನು ಬರುವುದಿಲ್ಲ’ ಎಂದುಬಿಟ್ಟ. ಅತ್ತೆ ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ. ನ್ಯೂಜೆರ್ಸಿಯಲ್ಲಿರುವ ಮೈದುನ ವಿಡಿಯೊ ಕರೆ ಮಾಡಿ, ನಮ್ಮ ಆಚರಣೆಗಳಿಗೆಲ್ಲ ವೈಜ್ಞಾನಿಕ ಕಾರಣ ಇದೆ ಎಂದು ಮಗನಿಗೆ ಪಾಠ ಹೇಳಿದರು, ಅವನು ನಕ್ಕ. ಮನೆಗೆಲಸಕ್ಕೆ ಬರುವಾಕೆಯ ಮೈಮೇಲೆ ವರ್ಷಕ್ಕೊಮ್ಮೆ ಅಮ್ಮ ಬರುತ್ತಾಳೆ, ಅದಕ್ಕೂ ನಕ್ಕ. ಇದರ ನಡುವೆ ಆರು ವರ್ಷದ ಮಗಳು ‘ದೇವರಿಗೆ ತಣ್ಣೀರು ಹಾಕಿದರೆ ನೆಗಡಿ ಆಗುವುದಿಲ್ಲವೇ’ ಎಂದು ಅಜ್ಜಿಯನ್ನು ಕೇಳುತ್ತಾಳೆ. ನನಗೋ, ಯಾರ ಮಾತು ಕೇಳಿದರೂ ಆ ಹೊತ್ತಿಗೆ ಸರಿ ಎನಿಸುತ್ತದೆ. ಇವರಲ್ಲಿ ಯಾರ ದೇವರು ನಿಜ? ಮಗನಿಗೆ ಏನು ಹೇಳಲಿ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ, ತಾಯಿ. ಮೊದಲ ಸಲ ಪ್ರಶ್ನೆ ಏನೆಂದು ತಿಳಿಯಲು, ಎರಡನೆಯ ಸಲ ಅದರ ಕ್ರಿಯಾಪದಗಳನ್ನು ನೋಡಲು. ಜಾನಪದ ಮತ್ತು ಧಾರ್ಮಿಕ ಆಚರಣೆಗಳ ಅಧ್ಯಯನದಲ್ಲೇ ತಲೆ ನರೆತವನು ನಾನು. ದೇವರನ್ನು ಹುಡುಕುವುದು ನನ್ನ ಕಸುಬಲ್ಲ. ದೇವರ ಬಗ್ಗೆ ಮಾತನಾಡುವವರ ಪಕ್ಕದಲ್ಲಿ ಕುಳಿತು ಕಿವಿಗೊಡುವುದಷ್ಟೇ. ಹೀಗಾಗಿ ‘ಯಾರ ದೇವರು ನಿಜ’ ಎಂಬುದಕ್ಕೆ ನನ್ನಲ್ಲಿ ಉತ್ತರವಿಲ್ಲ. ಮಗನಿಗೆ ಏನು ಹೇಳಬೇಕು ಎಂಬುದಕ್ಕೆ ಇದೆ, ಆದರೆ ಅಲ್ಲಿಗೆ ಸ್ವಲ್ಪ ಸುತ್ತಿ ಬರಬೇಕು.

ಯಜಮಾನರ ಶಕ್ತಿ ‘ಇದೆ’. ಕೆಲಸದಾಕೆಯ ಅಮ್ಮ ‘ಬರುತ್ತಾಳೆ’. ಮಗನ ದೇವರು ‘ಇಲ್ಲ’. ಅತ್ತೆಯ ಮಾತನ್ನು ನೀವು ಬರೆದಿಲ್ಲ; ಆದರೆ ಆ ಸೀಮೆಯ, ಆ ವಯಸ್ಸಿನ ಹೆಂಗಸರ ಬಾಯಲ್ಲಿ ‘ದೇವರು ಇದ್ದಾನೆ, ನೋಡಿಕೊಳ್ಳುತ್ತಾನೆ’ ಎಂಬುದನ್ನು ಲೆಕ್ಕವಿಲ್ಲದಷ್ಟು ಸಲ ಕೇಳಿದ್ದೇನೆ. ‘ದೇವರು’ ಎಂಬ ಪದದ ರೂಪವೇ ವಿಚಿತ್ರ. ನೋಡಲು ಬಹುವಚನ, ಗೌರವದ ‘ರು’ ಹೊತ್ತುಕೊಂಡಿದೆ. ಆದರೂ ಅದಕ್ಕೆ ನಾವು ಮೂರು ಬಾಗಿಲು ತೆರೆದಿಟ್ಟಿದ್ದೇವೆ: ದೇವರು ಇದ್ದಾನೆ, ದೇವರು ಇದ್ದಾರೆ, ದೇವರು ಇದೆ. ಮೂರೂ ಸರಿಯಾದ ಕನ್ನಡವೇ. ‘ಮೇಷ್ಟ್ರು ಇದ್ದಾನೆ’ ಎಂದರೆ ಜಗಳವಾಗುತ್ತದೆ, ‘ದೇವರು ಇದ್ದಾನೆ’ ಎಂದರೆ ಯಾರೂ ತಲೆ ಎತ್ತಿ ನೋಡುವುದಿಲ್ಲ.

ಈ ಮೂರೂ ಒಂದೇ ದೇವರ ಮೂರು ವ್ಯಾಕರಣ ಎಂದು ಬಹಳ ಕಾಲ ನಾನೂ ಅಂದುಕೊಂಡಿದ್ದೆ. ಹಾಗಲ್ಲ. ‘ಇದ್ದಾನೆ’ ಎನ್ನುವವರು ದೇವರನ್ನು ‘ನೀನು’ ಎಂದು ಕರೆಯುತ್ತಾರೆ, ಅವನಿಗೆ ಹರಕೆ ಹೊರುತ್ತಾರೆ, ತಡವಾದರೆ ಗದರುತ್ತಾರೆ. ‘ಇದ್ದಾರೆ’ ಎಂಬುದು ಪೇಟೆಯ, ಓದಿದ ಮನೆಗಳ ಮಾತು. ಅಲ್ಲಿ ದೇವರು ಮನೆಗೆ ಬಂದ ಹಿರಿಯ ಅತಿಥಿ, ಮುಂದೆ ಕಾಲು ಚಾಚುವಂತಿಲ್ಲ. ‘ಇದೆ’ ಎಂಬುದರಲ್ಲಿ ಮತ್ತೆ ಎರಡು ಬಗೆ. ಹಳ್ಳಿಯ ಉತ್ಸವದಲ್ಲಿ ‘ದೇವರು ಹೊರಟಿತು’, ‘ದೇವರು ಹೊಳೆಗೆ ಹೋಯಿತು’, ‘ದೇವರು ಅಪ್ಪಣೆ ಕೊಟ್ಟಿತು’ ಎನ್ನುತ್ತಾರೆ. ಇದು ಜಡವಸ್ತುವಿನ ನಪುಂಸಕಲಿಂಗವಲ್ಲ. ‘ಮಗು ನಕ್ಕಿತು’, ‘ಮಳೆ ಬಂತು’ ಎನ್ನುವ ಹಾಗೆ ‘ದೇವರು ಬಂತು’: ತಾನಾಗಿ ಬರುವುದು, ಕರೆದರೆ ಬಂದೇ ಬರುತ್ತದೆ ಎಂಬ ಖಾತ್ರಿ ಇಲ್ಲದ್ದು. ನಿಮ್ಮ ಯಜಮಾನರ ‘ಶಕ್ತಿ ಇದೆ’ ಬೇರೆಯೇ. ಅದು ಎಲ್ಲಿಗೂ ಬರುವುದಿಲ್ಲ, ಹೋಗುವುದಿಲ್ಲ, ಕೇಳುವುದಿಲ್ಲ; ವಿದ್ಯುತ್ತಿನಂತೆ ಇರುತ್ತದೆ. ಆ ಶಕ್ತಿಗೆ ಶನಿವಾರವೇ ಏಕೆ ಬೇಕು, ವಡೆಮಾಲೆ ಏಕೆ ಬೇಕು ಎಂದು ಅವರನ್ನು ಕೇಳಬೇಡಿ. ಮಾತಿನಲ್ಲಿ ಒಂದು ದೇವರು, ಕೈಯಲ್ಲಿ ಇನ್ನೊಂದು ದೇವರು ಇಟ್ಟುಕೊಂಡಿರುವುದು ಅವರೊಬ್ಬರೇ ಅಲ್ಲ.

ಇನ್ನು ‘ಇಲ್ಲ’. ಕನ್ನಡದ ಈ ಪದಕ್ಕೆ ಲಿಂಗವಿಲ್ಲ, ವಚನವಿಲ್ಲ, ಗೌರವವೂ ಇಲ್ಲ. ಅವನು ಇಲ್ಲ, ಅವರು ಇಲ್ಲ, ಅದು ಇಲ್ಲ. ಎಲ್ಲಕ್ಕೂ ಒಂದೇ ‘ಇಲ್ಲ’. ಹಾಗಾಗಿ ನಿಮ್ಮ ಮಗ ‘ದೇವರು ಇಲ್ಲ’ ಎಂದಾಗ ಯಾವ ದೇವರನ್ನು ಇಲ್ಲವೆಂದ ಎಂಬುದು ಆ ವಾಕ್ಯದಿಂದ ತಿಳಿಯುವುದೇ ಇಲ್ಲ. ಅತ್ತೆಗೆ ಅದು ತಮ್ಮ ಮೈಲಾರಲಿಂಗನನ್ನೇ ಕುರಿತದ್ದೆಂದು ಕೇಳಿಸಿದೆ. ಅವನು ಹೇಳಿದ್ದು ಅದೇ ಇರಬಹುದು, ಇಲ್ಲದಿರಲೂಬಹುದು.

‘ನಿಮಗೆ ದೇವರಲ್ಲಿ ನಂಬಿಕೆ ಇದೆಯೇ’ ಎಂಬ ಪ್ರಶ್ನೆಯಿಂದ ನಮ್ಮ ನಾಡಿನಲ್ಲಿ ಹೆಚ್ಚೇನೂ ಹೊರಡುವುದಿಲ್ಲ. ಅಮೆರಿಕದ ಪ್ಯೂ ಸಂಶೋಧನಾ ಕೇಂದ್ರ 2019ರ ಕೊನೆಯಿಂದ 2020ರ ಆರಂಭದವರೆಗೆ ದೇಶದಾದ್ಯಂತ ಸುಮಾರು 30 ಸಾವಿರ ವಯಸ್ಕರನ್ನು ಮಾತನಾಡಿಸಿತು. 2021ರಲ್ಲಿ ಬಂದ ವರದಿಯಲ್ಲಿ ಶೇ 97 ಮಂದಿ ದೇವರನ್ನು ನಂಬುತ್ತೇವೆ ಎಂದಿದ್ದಾರೆ. ನೂರಕ್ಕೆ ತೊಂಬತ್ತೇಳು ಜನ ಹೌದು ಎನ್ನುವ ಪ್ರಶ್ನೆ ಪ್ರಶ್ನೆಯೇ ಅಲ್ಲ. ಅದೇ ವರದಿಯ ಬೇರೆ ಮೂಲೆಗಳು ಹೆಚ್ಚು ಮಾತನಾಡುತ್ತವೆ. ಕರ್ಮವನ್ನು ನಂಬುವವರು ಹಿಂದೂಗಳಲ್ಲಿ ಶೇ 77, ಮುಸ್ಲಿಮರಲ್ಲಿಯೂ ಶೇ 77. ಬೌದ್ಧರಲ್ಲಿ ಮೂರನೆಯ ಒಂದು ಭಾಗ ದೇವರನ್ನು ನಂಬುವುದಿಲ್ಲ ಎಂದಿದೆ. ಅಂದರೆ ಧರ್ಮದ ಹೆಸರು ತಿಳಿದ ಮಾತ್ರಕ್ಕೆ ಒಳಗಿನ ದೇವರು ತಿಳಿಯುವುದಿಲ್ಲ. ಜೈನರನ್ನೇ ನೋಡಿ. ಲೋಕವನ್ನು ಸೃಷ್ಟಿಸಿದವನು ಯಾರೂ ಇಲ್ಲ ಎಂಬುದು ಅವರ ಶಾಸ್ತ್ರ. ತೀರ್ಥಂಕರರು ಬಿಡುಗಡೆಯಾದವರು, ಯಾರಿಗೂ ಏನನ್ನೂ ಕೊಡುವವರಲ್ಲ. ಸರಿ, ಹಾಗಾದರೆ ಮಗಳಿಗೆ ಗಂಡು ಸಿಗಬೇಕು, ವ್ಯಾಪಾರ ಕುದುರಬೇಕು ಎಂದಾದಾಗ ಏನು ಮಾಡುವುದು? ಅದಕ್ಕೆ ಹುಂಚದ ಜೈನ ಕ್ಷೇತ್ರದಲ್ಲಿ ಪದ್ಮಾವತಿ ದೇವಿ ಇದ್ದಾಳೆ.

ಇಷ್ಟೆಲ್ಲ ನೋಡಿದ ಮೇಲೆ ನಾನು ಕೇಳುವ ಪ್ರಶ್ನೆಯನ್ನೇ ಬದಲಾಯಿಸಿಕೊಂಡೆ. ದೇವರು ಇದ್ದಾನೆಯೇ ಎಂದು ಕೇಳುವುದನ್ನು ಬಿಟ್ಟು, ಕೊನೆಯ ಸಲ ದೇವರ ಹತ್ತಿರ ಏನು ಕೇಳಿದಿರಿ, ಏನು ಸಿಕ್ಕಿತು, ಸಿಗದಿದ್ದಾಗ ಯಾರ ಮೇಲೆ ಸಿಟ್ಟಾದಿರಿ ಎಂದು ಕೇಳತೊಡಗಿದೆ. ಇದನ್ನು ನನಗೆ ಕಲಿಸಿದ್ದು ತುಮಕೂರು ಜಿಲ್ಲೆಯ ಒಂದು ಚಿಕ್ಕ ಊರಿನ ಅಮ್ಮನ ಗುಡಿ.

ಆ ಗುಡಿಯಲ್ಲಿ ಮಂಗಳವಾರ ಹೂ ಕೇಳುತ್ತಾರೆ. ಪೂಜಾರಿ ಹೂವಿನ ಎಸಳುಗಳನ್ನು ನೀರಿನಲ್ಲಿ ಅದ್ದಿ ವಿಗ್ರಹಕ್ಕೆ ಅಂಟಿಸುತ್ತಾನೆ. ಬಲಗಡೆಯದು ಬಿದ್ದರೆ ಅಪ್ಪಣೆ, ಎಡಗಡೆಯದು ಬಿದ್ದರೆ ಬೇಡ. ಅಂದು ಬಂದಿದ್ದ ಹೆಂಗಸಿಗೆ ನಲವತ್ತೈದು ಇರಬಹುದು. ಮಗಳಿಗೆ ಭಾವನೇ ಮುಂದೆ ನಿಂತು ಗಂಡು ನೋಡಿದ್ದ, ಆ ಸಂಬಂಧ ಆಗಬಹುದೇ ಎಂದು ಕೇಳಲು ಬಂದಿದ್ದಳು. ಹೂ ಬೀಳಲಿಲ್ಲ. ಹತ್ತು ನಿಮಿಷ, ಇಪ್ಪತ್ತು ನಿಮಿಷ. ಗರ್ಭಗುಡಿಯ ದೀಪದ ಎಣ್ಣೆ ಕಡಿಮೆಯಾಗಿ ಪೂಜಾರಿ ಬತ್ತಿ ಮುಂದಕ್ಕೆ ತಳ್ಳಿದ. ಇವಳು ಮೊದಲು ಕೈಮುಗಿದು ಕುಳಿತಿದ್ದವಳು ಆಮೇಲೆ ಕಾಲು ಮಡಚಿ ಆರಾಮವಾಗಿ ಕುಳಿತಳು, ಆಮೇಲೆ ಸೆರಗಿನಿಂದ ಗಾಳಿ ಹಾಕಿಕೊಂಡಳು. ಕೊನೆಗೆ ಅಮ್ಮನನ್ನೇ ದಿಟ್ಟಿಸಿ, ‘ಏನೇ ತಾಯಿ, ಎಷ್ಟು ಹೊತ್ತು ಕೂರಿಸುತ್ತೀಯೆ? ಹಸು ಕರೆಯುವ ಹೊತ್ತಾಯಿತು, ನಿನಗೇನು ಗೊತ್ತು’ ಎಂದು ಗದರಿದಳು. ಪೂಜಾರಿಯಾಗಲಿ ಅಲ್ಲಿದ್ದ ಮೂರು ಮತ್ತೊಂದು ಜನರಾಗಲಿ ಇದನ್ನು ತಪ್ಪೆಂದು ನೋಡಲಿಲ್ಲ. ಇನ್ನೂ ಸ್ವಲ್ಪ ಹೊತ್ತಿಗೆ ಎಡಗಡೆಯ ಹೂ ಜಾರಿ ಪೀಠದ ಮೇಲೆ ಬಿತ್ತು. ‘ಇನ್ನೊಂದು ಸಲ ಕೇಳಲೇನಮ್ಮ’ ಎಂದ ಪೂಜಾರಿ. ಆಕೆ ತಟ್ಟನೆ ಎದ್ದು, ‘ಬೇಡ, ಕೊಟ್ಟಿದ್ದಾಯಿತಲ್ಲ’ ಎಂದು ಮಂಗಳಾರತಿ ತೆಗೆದುಕೊಂಡು ಹೊರಟಳು.

ಹೊರಗೆ ಅರಳಿಕಟ್ಟೆಯ ಹತ್ತಿರ ಮಾತನಾಡಿಸಿದೆ. ಬೇಸರವಾಯಿತೇ ಎಂದೆ. ನನ್ನನ್ನು ಪೆದ್ದನನ್ನು ನೋಡುವಂತೆ ನೋಡಿದಳು. ಮಗಳಿಗೆ ಆ ಹುಡುಗ ಇಷ್ಟವಿರಲಿಲ್ಲ, ತನಗೂ ಇರಲಿಲ್ಲ. ಆದರೆ ಭಾವನ ಎದುರು ‘ನಮಗೆ ಬೇಡ’ ಎನ್ನುವ ಧೈರ್ಯ ಆ ಮನೆಯಲ್ಲಿ ಯಾರಿಗೂ ಇಲ್ಲ. ‘ಈಗ ದೇವರೇ ಬೇಡ ಎಂದಿತು, ಇನ್ನು ಯಾರೇನು ಹೇಳುತ್ತಾರೆ’ ಎಂದು ಹೇಳಿ ಹಸುವಿನ ಕಡೆ ನಡೆದಳು. ಗಮನಿಸಿ: ಒಳಗೆ ‘ಏನೇ ತಾಯಿ’, ಹೊರಗೆ ‘ದೇವರು ಎಂದಿತು’. ಗದರುವಾಗ ಹೆಣ್ಣು, ತೀರ್ಪು ಕೊಟ್ಟ ಮೇಲೆ ನಪುಂಸಕ. ಒದ್ದೆ ಹೂ ಒಣಗಿದರೆ ಬೀಳುತ್ತದೆ ಎಂದು ಆಕೆಗೆ ಗೊತ್ತಿರಲಿಲ್ಲ ಎಂದು ನನಗಂತೂ ಅನಿಸುವುದಿಲ್ಲ. ಹಾಗೆಂದು ಆಕೆ ನಾಟಕ ಆಡಿದಳು ಎಂದರೂ ತಪ್ಪು. ಬಲಗಡೆ ಬಿದ್ದಿದ್ದರೆ ಮಗಳನ್ನು ಕೊಡುತ್ತಿದ್ದಳು, ಕಣ್ಣೀರಿಟ್ಟುಕೊಂಡಾದರೂ.

ದೇವರನ್ನು ಗದರುವುದು ಓದುಬರಹ ಇಲ್ಲದವರ ಮುಗ್ಧತೆ ಎಂದು ಭಾವಿಸುವವರಿದ್ದಾರೆ. ಹಾಗಾದರೆ ದಾಸರನ್ನು ಎಲ್ಲಿಡುತ್ತಾರೋ ಕಾಣೆ. ನಿನ್ನ ಹಂಗೇ ಬೇಡ, ನಿನ್ನ ಹೆಸರೊಂದಿದ್ದರೆ ಸಾಕು ಎಂದು ವಿಠಲನ ಮುಖಕ್ಕೇ ಹೇಳಿದವರು ಪುರಂದರದಾಸರು. ನಿಂದಾಸ್ತುತಿ ಎಂಬ ಪ್ರಕಾರವನ್ನೇ ಇಟ್ಟುಕೊಂಡ ಭಾಷೆ ನಮ್ಮದು.

ಈಗ ವಯಸ್ಸಿನ ಮಾತು. ಮಕ್ಕಳು ದೇವರನ್ನು ದೊಡ್ಡ ಮನುಷ್ಯನಂತೆ ಕಲ್ಪಿಸಿಕೊಳ್ಳುತ್ತಾರೆ, ಬೆಳೆದಂತೆ ಅದು ಸೂಕ್ಷ್ಮವಾಗುತ್ತದೆ ಎಂಬುದು ಸ್ವಿಟ್ಜರ್ಲೆಂಡಿನ ಮನಶ್ಶಾಸ್ತ್ರಜ್ಞ ಪಿಯಾಜೆಯ ಕಾಲದಿಂದ ಮನಶ್ಶಾಸ್ತ್ರದಲ್ಲಿ ಬೇರೂರಿದ ವಿಚಾರ. ಅಮೆರಿಕದ ಜೇಮ್ಸ್ ಫೌಲರ್ 1981ರಲ್ಲಿ ಇದನ್ನು ಆರು ಮೆಟ್ಟಿಲುಗಳ ಏಣಿಯಾಗಿಯೇ ಕಟ್ಟಿದರು: ಕೆಳಗೆ ಕಥೆಯನ್ನು ಅಕ್ಷರಶಃ ನಂಬುವ ಮಗು, ಮೇಲೆ ಎಲ್ಲವನ್ನೂ ಒಳಗೊಳ್ಳುವ ಸಂತ. ಅವರು ಮಾತನಾಡಿಸಿದವರಲ್ಲಿ ಹೆಚ್ಚಿನವರು ಅಮೆರಿಕದ ಕ್ರೈಸ್ತರು. ಆ ಏಣಿಯನ್ನು ನಮ್ಮ ಮನೆಯ ಗೋಡೆಗೆ ಒರಗಿಸಿದರೆ ನಿಲ್ಲುವುದಿಲ್ಲ. ನಿಮ್ಮ ಅತ್ತೆ ಬೆಳಿಗ್ಗೆ ದೇವರಿಗೆ ಸ್ನಾನ ಮಾಡಿಸುವಾಗ ಎರಡನೆಯ ಮೆಟ್ಟಿಲಲ್ಲಿದ್ದರೆ, ಸಂಜೆ ನೆರೆಮನೆಯವರ ಸಾವಿನ ಸುದ್ದಿ ಕೇಳಿ ‘ಎಲ್ಲ ಅವನದೇ, ಕೊಟ್ಟವನು ತೆಗೆದುಕೊಂಡ’ ಎನ್ನುವಾಗ ಐದನೆಯದರಲ್ಲಿರುತ್ತಾರೆ. ಮರುದಿನ ಮತ್ತೆ ಕೆಳಗಿಳಿದು ತುಪ್ಪದ ದೀಪ ಹಚ್ಚುತ್ತಾರೆ.

ದೊಡ್ಡವರ ಸೂಕ್ಷ್ಮ ದೇವರ ಬಗ್ಗೆ ನನಗೆ ಬಹಳ ಇಷ್ಟವಾದ ಒಂದು ಪ್ರಯೋಗವಿದೆ. ಜಸ್ಟಿನ್ ಬ್ಯಾರೆಟ್ ಮತ್ತು ಫ್ರ್ಯಾಂಕ್ ಕೀಲ್ ಎಂಬ ಮನಶ್ಶಾಸ್ತ್ರಜ್ಞರು 1996ರಲ್ಲಿ ಪ್ರಕಟಿಸಿದ್ದು. ದೇವರು ಸರ್ವವ್ಯಾಪಿ, ಒಂದೇ ಹೊತ್ತಿನಲ್ಲಿ ಎಲ್ಲವನ್ನೂ ಮಾಡಬಲ್ಲ ಎಂದು ಒಪ್ಪಿದ ಕಾಲೇಜು ವಿದ್ಯಾರ್ಥಿಗಳಿಗೆ ಸಣ್ಣ ಕಥೆಗಳನ್ನು ಹೇಳಿದರು. ಒಂದರಲ್ಲಿ ಹೊಳೆಯಲ್ಲಿ ಈಜುತ್ತಿದ್ದ ಹುಡುಗನ ಕಾಲು ಬಂಡೆಗಳ ನಡುವೆ ಸಿಕ್ಕಿಕೊಳ್ಳುತ್ತದೆ, ಅವನು ಪ್ರಾರ್ಥಿಸುತ್ತಾನೆ. ಆ ಹೊತ್ತಿಗೆ ದೇವರು ಲೋಕದ ಇನ್ನೊಂದು ಕಡೆ ಬೇರೊಂದು ಪ್ರಾರ್ಥನೆಗೆ ಓಗೊಡುತ್ತಿರುತ್ತಾನೆ. ಸ್ವಲ್ಪ ಹೊತ್ತಿಗೆ ಬಂಡೆ ಸರಿಯುತ್ತದೆ. ಆಮೇಲೆ ಕಥೆ ನೆನಪು ಮಾಡಿಕೊಳ್ಳಿ ಎಂದರೆ ಬಹುಪಾಲು ಜನ, ದೇವರು ಅಲ್ಲಿಯ ಕೆಲಸ ಮುಗಿಸಿ ಇಲ್ಲಿಗೆ ಬಂದ ಎಂದೇ ನೆನೆದರು. ಕಥೆಯಲ್ಲಿ ಹಾಗೆ ಇರಲೇ ಇಲ್ಲ. ಬ್ಯಾರೆಟ್ ಇದನ್ನೇ ಮುಂದೆ ಭಾರತದ ಹಿಂದೂಗಳ ನಡುವೆ ಮಾಡಿ ನೋಡಿದಾಗಲೂ ಸಿಕ್ಕಿದ್ದು ಹೆಚ್ಚು ಕಡಿಮೆ ಅದೇ. ಸಾವಧಾನವಾಗಿ ಕೇಳಿದರೆ ದೇವರು ಎಲ್ಲೆಲ್ಲೂ ಇರುತ್ತಾನೆ. ಅವಸರದಲ್ಲಿ ನೆನೆದರೆ ಸರತಿಯಲ್ಲಿ ಕೆಲಸ ಮುಗಿಸಿಕೊಂಡು ಬರುತ್ತಾನೆ. ಯಜಮಾನರ ಶನಿವಾರಕ್ಕೆ ಇಲ್ಲಿ ಉತ್ತರ ಇರಬಹುದು.

ಹಿರಿಯರು ನಂಬುವವರು, ಕಿರಿಯರು ಬಿಟ್ಟವರು ಎಂಬ ಲೆಕ್ಕವೂ ಹುಸಿ. ಕೊಪ್ಪಳ, ರಾಯಚೂರು, ಗದಗದ ಕಡೆ ಮೊಹರಂ ಬಂದರೆ ಊರಿಗೆ ಊರೇ ಸೇರುತ್ತದೆ, ಮುಸ್ಲಿಂ ಮನೆ ಒಂದೂ ಇಲ್ಲದ ಹಳ್ಳಿಗಳಲ್ಲಿಯೂ. ಮೊಹರಂನಲ್ಲಿ ಮೆರೆಸುವ ಲೋಹದ ಹಸ್ತಗಳಾದ ಪಂಜಾಗಳನ್ನು ಅಲ್ಲಿ ‘ಅಲಾಯಿ ದೇವರು’ ಎನ್ನುತ್ತಾರೆ. ದೇವರು ಕೂರುತ್ತದೆ, ಏಳುತ್ತದೆ, ಕೆಂಡದ ಗುಂಡಿಯ ಸುತ್ತ ಕುಣಿತವಾಗುತ್ತದೆ, ಕೊನೆಯ ದಿನ ಹೊಳೆಗೆ ಹೋಗುತ್ತದೆ. ಅದೇ ಕನ್ನಡ, ಅದೇ ನಪುಂಸಕಲಿಂಗ. ಅಂಥ ಒಂದು ಊರಿನಲ್ಲಿ ಪಂಜಾ ಹೊರುವ ಅಜ್ಜನ ಮನೆಯಲ್ಲಿ ಉಳಿದಿದ್ದೆ. ನಗರದಲ್ಲಿ ಓದುತ್ತಿದ್ದ ಮೊಮ್ಮಗ ಬಂದವನು, ಇದು ಇಸ್ಲಾಂ ಅಲ್ಲ, ಅಲ್ಲಾಹನೊಬ್ಬನನ್ನು ಬಿಟ್ಟು ಇನ್ನೊಂದಕ್ಕೆ ‘ದೇವರು’ ಎನ್ನುವುದೇ ಪಾಪ ಎಂದು ಅಜ್ಜನಿಗೆ ತಿಳಿಹೇಳುತ್ತಿದ್ದ. ಅಜ್ಜ ತಲೆಯಾಡಿಸಿದ, ಆಮೇಲೆ ಪಂಜಾಕ್ಕೆ ಕಟ್ಟುವ ಬಟ್ಟೆಯನ್ನು ಬಿಸಿಲಿಗೆ ಹರವಿದ. ಇಲ್ಲಿ ಬಿಗಿಯಾಗಿ ನಂಬುವವನು ಕಿರಿಯ. ಹಿಂದೂ ಮನೆಗಳಲ್ಲೂ ಇದೇ ಆಗುತ್ತಿದೆ. ಅಜ್ಜಿ ಕೋಳಿ ಕೊಯ್ಯುತ್ತಿದ್ದ ದೇವರಿಗೆ ಮೊಮ್ಮಗ ಮೊಬೈಲ್ ನೋಡಿ ಮಂತ್ರಪುಷ್ಪ ಕಲಿತು ಬಂದಿರುತ್ತಾನೆ, ಕೋಳಿ ಬೇಡ ಎನ್ನುತ್ತಾನೆ. ಪುಸ್ತಕ ಮತ್ತು ಮೊಬೈಲ್ ಕೈಗೆ ಬಂದ ತಲೆಮಾರಿನಲ್ಲಿ ಕೆಲವರು ದೇವರನ್ನು ಬಿಟ್ಟರು, ಇನ್ನು ಕೆಲವರು ಊರ ದೇವರನ್ನು ಬಿಟ್ಟು ಗ್ರಂಥದ ದೇವರನ್ನು ಹಿಡಿದರು. ಎರಡನೆಯವರ ಬಗ್ಗೆ ಯಾರೂ ನನಗೆ ಪತ್ರ ಬರೆಯುವುದಿಲ್ಲ.

ನಿಮ್ಮ ಮೈದುನನ ‘ವೈಜ್ಞಾನಿಕ ಕಾರಣ’ದ ಬಗ್ಗೆ ಒಂದು ಮಾತು ಹೇಳಲೇಬೇಕು, ಸಿಟ್ಟು ಬಂದರೆ ಕ್ಷಮಿಸಿ. ಗಂಟೆಯ ನಾದದಿಂದ ಮಿದುಳಿನ ಎರಡು ಭಾಗ ಕೂಡಿಕೊಳ್ಳುತ್ತವೆ, ಗರ್ಭಗುಡಿಯ ಕೆಳಗೆ ಕಾಂತಕ್ಷೇತ್ರವಿದೆ ಎಂಬ ಸಂದೇಶಗಳು ನನಗೂ ದಿನಕ್ಕೆರಡು ಬರುತ್ತವೆ. ಇವು ವಿಜ್ಞಾನವೂ ಅಲ್ಲ, ಭಕ್ತಿಯೂ ಅಲ್ಲ. ನಿಮ್ಮ ಮಗ ನಕ್ಕಿದ್ದರಲ್ಲಿ ತಪ್ಪಿಲ್ಲ. ಭೌತಶಾಸ್ತ್ರ ಓದುತ್ತಿರುವ ಹುಡುಗನಿಗೆ ಸುಳ್ಳು ಭೌತಶಾಸ್ತ್ರ ಹೇಳಿ ದೇವರ ಕಡೆ ತಿರುಗಿಸಲು ಹೊರಟರೆ ನಗದೆ ಇನ್ನೇನು ಮಾಡುತ್ತಾನೆ? ಆದರೆ ಮೈದುನನ ಕಷ್ಟವೂ ಅರ್ಥವಾಗುತ್ತದೆ. ದಾವಣಗೆರೆಯಲ್ಲಿ ಬೆಳೆದ ಅವರಿಗೆ ದೀಪ ಏಕೆ ಹಚ್ಚುತ್ತೀಯೆಂದು ಯಾರೂ ಕೇಳಿರಲಿಲ್ಲ. ಅಲ್ಲಿ ಅವರ ಮಕ್ಕಳನ್ನು ಸಹಪಾಠಿಗಳು ಕೇಳುತ್ತಾರೆ, ಮಕ್ಕಳು ಬಂದು ಇವರನ್ನು ಕೇಳುತ್ತಾರೆ. ಕಾರಣ ಕೊಡಲೇಬೇಕಾದ ಊರಿನಲ್ಲಿ ಕೈಗೆ ಸಿಕ್ಕ ಕಾರಣ ಕೊಡುತ್ತಿದ್ದಾರೆ. ದೇವರೂ ಅಲ್ಲಿಗೆ ಹೋಗಿ ಬದಲಾಗಿದ್ದಾನೆ. ಉಡುಪಿ ಕೃಷ್ಣನ ಪೂಜೆಯ ಸರದಿ ಒಂದು ಮಠದಿಂದ ಇನ್ನೊಂದಕ್ಕೆ ಹೋಗುವ ಪರ್ಯಾಯ 2008ರಲ್ಲಿ ನಡೆದಾಗ, ಸಮುದ್ರ ದಾಟಿ ಬಂದ ಪುತ್ತಿಗೆ ಮಠದ ಯತಿ ಕೃಷ್ಣನನ್ನು ಮುಟ್ಟಿ ಪೂಜಿಸಬಹುದೇ ಎಂಬ ವಿವಾದ ಎದ್ದಿತ್ತು. ಅದೇ ಪುತ್ತಿಗೆ ಮಠದ ಕೃಷ್ಣ ಇಂದು ನ್ಯೂಜೆರ್ಸಿಯ ಎಡಿಸನ್‌ನಲ್ಲಿಯೂ ನೆಲೆಸಿದ್ದಾನೆ.

ಮನೆಗೆಲಸದಾಕೆಯ ವಿಷಯಕ್ಕೆ ಬಂದರೆ, ನಿಮ್ಮ ಮಗ ನಕ್ಕಿದ್ದು ನನಗೆ ಹಿಡಿಸಲಿಲ್ಲ. ಕರಾವಳಿಯವರು ‘ದೇವರು’ ಬೇರೆ, ‘ದೈವ’ ಬೇರೆ ಎಂದು ಸ್ಪಷ್ಟವಾಗಿ ಹೇಳುತ್ತಾರೆ. ದೇವಸ್ಥಾನದ ದೇವರು ಮಾತನಾಡುವುದಿಲ್ಲ. ಕೋಲದಲ್ಲಿ ದೈವ ಮಾತನಾಡುತ್ತದೆ, ಗುತ್ತಿನ, ಅಂದರೆ ಊರ ದೊಡ್ಡ ಮನೆತನದ, ಯಜಮಾನನನ್ನು ಎದುರಿಗೆ ನಿಲ್ಲಿಸಿ ಪ್ರಶ್ನಿಸುತ್ತದೆ. ದೈವ ಕಟ್ಟುವವರು ಪರಂಪರೆಯಿಂದ ಪಂಬದ, ನಲಿಕೆ, ಪರವ ಸಮುದಾಯಗಳವರು. ಉಳಿದ ದಿನ ಅಂಗಳದಾಚೆ ನಿಲ್ಲಬೇಕಾದವನ ಬಾಯಿಯ ತೀರ್ಪನ್ನು ಅಂದು ಯಜಮಾನ ತಲೆತಗ್ಗಿಸಿ ಕೇಳುತ್ತಾನೆ. ನಿಮ್ಮ ಮನೆಗೆ ಬರುವಾಕೆಗೆ ವರ್ಷದಲ್ಲಿ ಒಂದು ದಿನ ಜನ ಕಾಲಿಗೆ ಬೀಳುತ್ತಾರೆ, ಮಳೆ ಬೆಳೆ ಕೇಳುತ್ತಾರೆ. ಅದನ್ನು ಇಷ್ಟಕ್ಕೇ ಇಳಿಸಿ ವಿವರಿಸಿ ಮುಗಿಸಿದೆ ಎಂದು ನಾನು ಹೇಳುವುದಿಲ್ಲ. ಮೈಮೇಲೆ ಬಂದಾಗ ಏನಾಗುತ್ತದೆ ಎಂದು ಆಕೆಯನ್ನೇ ಒಮ್ಮೆ ಕುಳ್ಳಿರಿಸಿ ಕೇಳಿ. ಹೇಳುವುದಿಲ್ಲ ಎಂದರೆ ಬಿಟ್ಟುಬಿಡಿ.

ಮಗನ ವಿಷಯ. ಅವನನ್ನು ‘ದೇವರು ಇದ್ದಾನೋ ಇಲ್ಲವೋ’ ಎಂಬ ಚರ್ಚೆಗೆ ಎಳೆಯಬೇಡಿ, ನೀವು ಸೋಲುತ್ತೀರಿ. ಆ ವಯಸ್ಸಿನವರಿಗೆ ವಾದಿಸಲು ಬಿಡುವು ಹೆಚ್ಚು. ಯಾವುದು ಇಲ್ಲ ಎಂದು ಕೇಳಿ. ಲೋಕವನ್ನು ಆರು ದಿನದಲ್ಲೋ ಒಂದು ಕಲ್ಪದಲ್ಲೋ ಮಾಡಿದವನು ಇಲ್ಲವೇ? ಹರಕೆ ಹೊತ್ತರೆ ಅಂಕ ಕೊಡುವವನು ಇಲ್ಲವೇ? ಅಥವಾ ಕೆಲವರನ್ನು ಒಳಗೆ ಬಿಟ್ಟುಕೊಂಡು ಕೆಲವರನ್ನು ಹೊರಗೆ ನಿಲ್ಲಿಸುವವನು ಇರಕೂಡದು ಎನ್ನುತ್ತಾನೆಯೇ? ನನ್ನ ಹತ್ತಿರ ಬಂದ ಹುಡುಗ ಹುಡುಗಿಯರಲ್ಲಿ ಡಾರ್ವಿನ್ನನನ್ನು ಓದಿ ದೇವರನ್ನು ಬಿಟ್ಟವರು ಕಡಿಮೆ. ಗುಡಿಯ ಬಾಗಿಲಲ್ಲಿ ಗೆಳೆಯನಿಗೆ ಆದ ಅವಮಾನ ಕಂಡು ಬಿಟ್ಟವರು ಹೆಚ್ಚು. ಎಂಜಲೆಲೆಯ ಮೇಲೆ ಉರುಳುವ ಮಡೆಸ್ನಾನವನ್ನು ನಿಲ್ಲಿಸಲು 2017ರಲ್ಲಿ ಕಾಯ್ದೆಯೇ ಬರಬೇಕಾಯಿತು ಎಂಬುದು ಅವನಿಗೂ ತಿಳಿದಿರುತ್ತದೆ. ಅಂಬೇಡ್ಕರ್ 1930ರಲ್ಲಿ ನಾಸಿಕದ ಕಾಳಾರಾಮ ಮಂದಿರದ ಪ್ರವೇಶಕ್ಕಾಗಿ ಸತ್ಯಾಗ್ರಹ ಹೂಡಿದರು. ಇಪ್ಪತ್ತಾರು ವರ್ಷಗಳ ಬಳಿಕ, 1956ರ ಅಕ್ಟೋಬರ್ 14ರಂದು ನಾಗಪುರದಲ್ಲಿ ಬೌದ್ಧರಾದಾಗ ಸ್ವೀಕರಿಸಿದ 22 ಪ್ರತಿಜ್ಞೆಗಳಲ್ಲಿ ಮೊದಲನೆಯದೇ ಬ್ರಹ್ಮ, ವಿಷ್ಣು, ಮಹೇಶ್ವರರನ್ನು ದೇವರೆಂದು ಒಪ್ಪುವುದಿಲ್ಲ ಎಂಬುದು. ಆ ‘ಇಲ್ಲ’ದ ಹಿಂದೆ ಮುಚ್ಚಿದ ಬಾಗಿಲು ಇದೆ. ಮಗನ ‘ಇಲ್ಲ’ದ ಹಿಂದೆ ಏನಿದೆ ಎಂದು ಕೇಳದೆ ಉತ್ತರ ಕೊಡಲು ಹೋಗಬೇಡಿ. ಏನೂ ಇಲ್ಲದೆ, ಬಸ್ಸಿನಲ್ಲಿ ಗಂಟೆಗಟ್ಟಲೆ ಕೂರಲು ಬೇಸರ ಎಂಬುದೂ ಕಾರಣವಿರಬಹುದು. ಹದಿನೇಳರಲ್ಲಿ ನಾನು ಹೇಳಿದ ‘ಇಲ್ಲ’ಗಳಲ್ಲಿ ಅರ್ಧ ಅಂಥವೇ.

ಅವನು ನಿಜವಾಗಿ ವಿಚಾರ ಮಾಡಿಯೇ ಹೇಳಿದ್ದರೆ ಅದಕ್ಕೂ ಈ ನಾಡಿನಲ್ಲಿ ಮನೆತನವಿದೆ. ಎಚ್. ನರಸಿಂಹಯ್ಯನವರು ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದಾಗ 1976ರಲ್ಲಿ ಪವಾಡ ಮತ್ತು ಮೂಢನಂಬಿಕೆಗಳನ್ನು ಪರೀಕ್ಷಿಸಲು ಸಮಿತಿಯನ್ನೇ ರಚಿಸಿದ್ದರು. ಖಾದಿ ಉಟ್ಟ ಗಾಂಧಿವಾದಿ, ಮದುವೆಯಾಗದೆ ಕೊನೆಯವರೆಗೂ ವಿದ್ಯಾರ್ಥಿನಿಲಯದ ಕೋಣೆಯೊಂದರಲ್ಲೇ ಬದುಕಿದವರು. ಅವರ ಜೀವನವನ್ನು ಓದಿಕೊಳ್ಳಲು ಹೇಳಿ. ಕೆಲಸದಾಕೆಯನ್ನು ನೋಡಿ ನಗುವುದು ವಿಚಾರವಾದವಲ್ಲ ಎಂಬುದನ್ನು ಅವನೇ ಅಲ್ಲಿ ಕಂಡುಕೊಳ್ಳಲಿ.

ಮೈಲಾರಕ್ಕೆ ಅವನನ್ನು ಎಳೆದುಕೊಂಡು ಹೋಗಬೇಡಿ, ಆದರೆ ಕರೆಯಿರಿ. ಕೈಮುಗಿಯಬೇಕಿಲ್ಲ, ಭಂಡಾರ ಹಚ್ಚಿಕೊಳ್ಳಬೇಕಿಲ್ಲ, ಅಜ್ಜಿಯ ಚೀಲ ಹಿಡಿದುಕೊಂಡರೆ ಸಾಕು ಎಂದು ಮೊದಲೇ ಮಾತು ಕೊಡಿ, ಅಲ್ಲಿ ಹೋದ ಮೇಲೆ ಮಾತಿಗೆ ತಪ್ಪಬೇಡಿ. ಭರತ ಹುಣ್ಣಿಮೆಯ ಜಾತ್ರೆಗೇ ಹೋಗುವುದಾದರೆ ಭವಿಷ್ಯ ನುಡಿಯುವ ಕಾರ್ಣಿಕದ ಹೊತ್ತಿಗೆ ಅವನು ಮೈದಾನದಲ್ಲಿರಲಿ. ಉಪವಾಸ ಮಾಡಿದ, ಮೈಲಾರನ ಸೇವಕನಾದ ಗೊರವಯ್ಯ ನೆಟ್ಟನೆ ನಿಲ್ಲಿಸಿದ ಬಿಲ್ಲನ್ನು ಏರುತ್ತಾನೆ. ಮೇಲೆ ನಿಂತು ‘ಸದ್ದಲೇ’ ಎನ್ನುತ್ತಾನೆ. ‘ಏಳುಕೋಟಿ’ ಎಂದು ಕೂಗುತ್ತಿದ್ದ ಲಕ್ಷಾಂತರ ಜನ ಒಮ್ಮೆಲೇ ಬಾಯಿ ಮುಚ್ಚುತ್ತಾರೆ. ಕಂಬಳಿ ಸರಿದ ಸದ್ದು ಕೇಳುತ್ತದೆ. ಒಂದೇ ಸಾಲು ನುಡಿದು ಆತ ಹಿಂದಕ್ಕೆ ಬೀಳುತ್ತಾನೆ, ಕೆಳಗಿದ್ದವರು ಹಿಡಿದುಕೊಳ್ಳುತ್ತಾರೆ. ಆ ಸಾಲು ಮಳೆಯದೋ ಬೆಳೆಯದೋ ರಾಜಕೀಯದ್ದೋ ಎಂಬ ವಾದ ಬಸ್ ನಿಲ್ದಾಣದವರೆಗೂ ನಡೆಯುತ್ತದೆ. ನಂಬಿಕೆ ಇಲ್ಲದವನಿಗೂ ನೋಡುವುದು ಅಲ್ಲಿ ಬೇಕಾದಷ್ಟಿದೆ. ಅತ್ತೆಗೆ ಬೇಕಿರುವುದು ಅವನ ಭಕ್ತಿ ಎಂದು ನನಗನಿಸುವುದಿಲ್ಲ. ಮನೆದೇವರ ಎದುರು ಮನೆಯವರ ಸಾಲಿನಲ್ಲಿ ಒಂದು ತಲೆ ಕಡಿಮೆಯಾಯಿತಲ್ಲ, ಅವರು ಊಟ ಬಿಟ್ಟದ್ದು ಅದಕ್ಕೆ.

ನಿಮ್ಮ ಬಗ್ಗೆ ನೀವು ಒಂದೇ ಸಾಲು ಬರೆದಿದ್ದೀರಿ, ಯಾರ ಮಾತು ಕೇಳಿದರೂ ಸರಿ ಎನಿಸುತ್ತದೆ ಎಂದು. ಅದನ್ನು ದೌರ್ಬಲ್ಯ ಎಂದುಕೊಂಡಿದ್ದೀರಿ. ಐವರ ಅಡುಗೆಯನ್ನು ಐದು ಹದದಲ್ಲಿ ಮಾಡುವವರಿಗೆ ಇದು ಹೊಸದೇನೂ ಅಲ್ಲ. ನಿಮಗೆ ಬಿಡುವಾದ ದಿನ, ಕೊನೆಯ ಸಲ ದೇವರ ಹತ್ತಿರ ಏನು ಕೇಳಿದೆ ಎಂದು ನಿಮ್ಮನ್ನೇ ಕೇಳಿಕೊಳ್ಳಿ. ನನಗೆ ಬರೆದು ತಿಳಿಸಬೇಕಿಲ್ಲ.

ಉಳಿದದ್ದು ಮಗಳ ನೆಗಡಿ. ಅವಳನ್ನು ನೋಡಿ ಯಾರೂ ನಗಬಾರದು, ಏಕೆಂದರೆ ಪ್ರಶ್ನೆ ಸಣ್ಣದಲ್ಲ. ಪುರಿಯಲ್ಲಿ ಜ್ಯೇಷ್ಠ ಹುಣ್ಣಿಮೆಯ ದಿನ ಜಗನ್ನಾಥನಿಗೂ ಜೊತೆಯ ದೇವರುಗಳಿಗೂ ಸೇರಿ 108 ಕೊಡ ನೀರಿನ ಸ್ನಾನವಾಗುತ್ತದೆ. ಅಷ್ಟು ನೀರು ಬಿದ್ದ ಮೇಲೆ ಜಗನ್ನಾಥನಿಗೆ ಜ್ವರ ಬರುತ್ತದೆ. ಸುಮಾರು ಹದಿನೈದು ದಿನ ಬಾಗಿಲು ಮುಚ್ಚಿ, ದರ್ಶನ ನಿಲ್ಲಿಸಿ, ಬೇರು ನಾರಿನ ಔಷಧ ಕೊಟ್ಟು ಆರೈಕೆ ಮಾಡುತ್ತಾರೆ. ಗುಣವಾದ ಮೇಲೆಯೇ ರಥಯಾತ್ರೆ. ಇದನ್ನು ಮಗಳಿಗೆ ಹೇಳಿ, ಅತ್ತೆಗೆ ಕೇಳಿಸುವಷ್ಟು ಗಟ್ಟಿಯಾಗಿ ಹೇಳಿ. ಮರುದಿನ ಬೆಳಿಗ್ಗೆ ಒಲೆಯ ಮೇಲೆ ಕಾಫಿಗಿಂತ ಮೊದಲು ಇನ್ನೊಂದು ಸಣ್ಣ ತಂಬಿಗೆಯ ನೀರು ಕಾಯುತ್ತಿದ್ದರೆ ಏನೂ ಕೇಳಲು ಹೋಗಬೇಡಿ.